ವಿಲಿಯಂ ಸ್ಟ್ಯೂಕ್ಲಿ

ವಿಲಿಯಂ ಸ್ಟ್ಯೂಕ್ಲಿ (7 ನವೆಂಬರ್ 1687 – 3 ಮಾರ್ಚ್ 1765) ಇಂಗ್ಲೆಂಡಿನ ವೈದ್ಯ, ಪಾದ್ರಿ ಹಾಗೂ ಪ್ರಾಚೀನ ಅವಶೇಷಗಳ ಅಧ್ಯಯನಕಾರ. ವಿಲ್ಟ್‌ಶೈರ್ ಪ್ರಾಂತ್ಯದ ಸ್ಟೋನ್‌ಹೆಂಜ್ ಮತ್ತು ಏವ್‌ಬರಿ ಎಂಬ ಎರಡು ಪ್ರಾಗೈತಿಹಾಸಿಕ ಶಿಲಾವೃತ್ತಗಳನ್ನು ಹಲವು ವರ್ಷಗಳ ಕಾಲ ಸ್ಥಳದಲ್ಲಿಯೇ ನಿಂತು ಅಳೆದು, ಚಿತ್ರಿಸಿ, ದಾಖಲಿಸಿದ ಕಾರಣ ಈತನನ್ನು ಬ್ರಿಟನ್ನಿನ ಕ್ಷೇತ್ರ ಪುರಾತತ್ವದ ಆದ್ಯರಲ್ಲಿ ಒಬ್ಬನೆಂದು ಪರಿಗಣಿಸಲಾಗುತ್ತದೆ. ಈ ವೃತ್ತಗಳನ್ನು ಡ್ರೂಯಿಡ್ ಪುರೋಹಿತರು ಕಟ್ಟಿದರೆಂಬ ತಪ್ಪು ಕಲ್ಪನೆಯನ್ನು ಜನಮನದಲ್ಲಿ ಗಟ್ಟಿಯಾಗಿ ನೆಲೆಗೊಳಿಸಿದವನೂ ಈತನೇ. ಈತನ ಅಳತೆಗಳು ಇಂದಿಗೂ ಬಳಕೆಯಲ್ಲಿವೆ. ಈತನ ಸಿದ್ಧಾಂತಗಳನ್ನು ವಿದ್ವಾಂಸರು ಕೈಬಿಟ್ಟಿದ್ದಾರೆ. ಐಸಾಕ್ ನ್ಯೂಟನ್ನನ ಆಪ್ತನಾಗಿದ್ದ ಈತ ಅವನ ಆರಂಭಿಕ ಜೀವನಚರಿತ್ರೆಕಾರರಲ್ಲಿಯೂ ಒಬ್ಬ.

ಜನನ ಮತ್ತು ವಿದ್ಯಾಭ್ಯಾಸ

ಸ್ಟ್ಯೂಕ್ಲಿ ಲಿಂಕನ್‌ಶೈರ್ ಪ್ರಾಂತ್ಯದ ಹೋಲ್‌ಬೀಚ್ ಎಂಬ ಊರಿನಲ್ಲಿ ಜನಿಸಿದ. ತಂದೆ ಜಾನ್ ಸ್ಟ್ಯೂಕ್ಲಿ ವಕೀಲನಾಗಿದ್ದ. ಕೆಲಕಾಲ ತಂದೆಯ ಕಚೇರಿಯಲ್ಲಿ ಕೆಲಸ ಮಾಡಿದರೂ ಕಾನೂನಿನಲ್ಲಿ ಈತನಿಗೆ ಆಸಕ್ತಿ ಮೂಡಲಿಲ್ಲ. ಕೇಂಬ್ರಿಜ್ ವಿಶ್ವವಿದ್ಯಾಲಯದ ಕಾರ್ಪಸ್ ಕ್ರಿಸ್ಟಿ ಕಾಲೇಜನ್ನು ಸೇರಿ ವೈದ್ಯಶಾಸ್ತ್ರವನ್ನು ಅಭ್ಯಸಿಸಿದ. ಸಸ್ಯಗಳ ಸಂಗ್ರಹ, ಅಂಗರಚನೆಯ ಅಧ್ಯಯನ, ಹಳೆಯ ಕಟ್ಟಡಗಳ ಚಿತ್ರ ಬಿಡಿಸುವುದು ಇವು ವಿದ್ಯಾರ್ಥಿದೆಸೆಯಿಂದಲೇ ಈತನ ಹವ್ಯಾಸಗಳಾಗಿದ್ದವು. ಓದಿನ ನಡುವೆ, 1706ರಲ್ಲಿ, ತಂದೆ ತೀರಿಕೊಂಡ.

ಪದವಿಯ ಬಳಿಕ ಲಂಡನ್ನಿನ ಸೇಂಟ್ ಥಾಮಸ್ ಆಸ್ಪತ್ರೆಯಲ್ಲಿ ಆ ಕಾಲದ ಪ್ರಸಿದ್ಧ ವೈದ್ಯ ರಿಚರ್ಡ್ ಮೀಡ್ ಬಳಿ ತರಬೇತಿ ಪಡೆದು, 1710ರಿಂದ 1717ರವರೆಗೆ ಲಿಂಕನ್‌ಶೈರ್‌ನ ಬಾಸ್ಟನ್ ಪಟ್ಟಣದಲ್ಲಿ ವೈದ್ಯವೃತ್ತಿ ನಡೆಸಿದ. ಅಂಗರಚನಾಶಾಸ್ತ್ರ ಮತ್ತು ಸಸ್ಯಶಾಸ್ತ್ರಗಳಲ್ಲಿ ರೂಢಿಯಾದ ಸೂಕ್ಷ್ಮ ಅವಲೋಕನವನ್ನೂ ಚಿತ್ರಸಹಿತ ದಾಖಲೆಯ ಪದ್ಧತಿಯನ್ನೂ ಈತ ಮುಂದೆ ಕಲ್ಲುಗಳ ಅಧ್ಯಯನಕ್ಕೆ ಅಳವಡಿಸಿಕೊಂಡ.

ಲಂಡನ್ ಜೀವನ

1717ರಲ್ಲಿ ಲಂಡನ್ನಿಗೆ ಬಂದು ನೆಲೆಸಿದ ಸ್ಟ್ಯೂಕ್ಲಿ ಮರುವರ್ಷವೇ ರಾಯಲ್ ಸೊಸೈಟಿಯ ಸದಸ್ಯನಾದ. ಆಗ ಅದರ ಅಧ್ಯಕ್ಷನಾಗಿದ್ದ ನ್ಯೂಟನ್ನನ ಪರಿಚಯ ಬೆಳೆದದ್ದು ಈ ಅವಧಿಯಲ್ಲಿ. ಇಬ್ಬರೂ ಲಿಂಕನ್‌ಶೈರ್‌ನವರೇ ಆಗಿದ್ದುದು ಸ್ನೇಹಕ್ಕೆ ಅನುಕೂಲವಾಯಿತು. 1718ರಲ್ಲಿಯೇ ಲಂಡನ್ನಿನ ಪುರಾವಸ್ತು ಅಧ್ಯಯನ ಸಂಘವಾದ ಸೊಸೈಟಿ ಆಫ್ ಆಂಟಿಕ್ವೆರೀಸ್ ಸಂಘಟಿತವಾದಾಗ ಅದರ ಮೊದಲ ಕಾರ್ಯದರ್ಶಿಯಾದ. 1719ರಲ್ಲಿ ವೈದ್ಯಶಾಸ್ತ್ರದಲ್ಲಿ ಡಾಕ್ಟರ್ ಪದವಿ ದೊರೆಯಿತು. 1722ರಲ್ಲಿ ಗುಲ್ಮದ ರಚನೆಯನ್ನು ಕುರಿತು ವೈದ್ಯರ ಕಾಲೇಜಿನಲ್ಲಿ ಉಪನ್ಯಾಸ ನೀಡಿದ. ಅದೇ ವರ್ಷ ಬ್ರಿಟನ್ನಿನ ರೋಮನ್ ಅವಶೇಷಗಳ ರಕ್ಷಣೆಗಾಗಿ ಗೆಳೆಯರೊಡನೆ ಒಂದು ಕೂಟವನ್ನು ಕಟ್ಟಿದ. ಆ ಕಾಲದಲ್ಲಿ ಅಪರೂಪವೆಂಬಂತೆ ಅದರಲ್ಲಿ ಸ್ತ್ರೀಯರಿಗೂ ಸದಸ್ಯತ್ವವಿತ್ತು.

ಸ್ಟೋನ್‌ಹೆಂಜ್‌ನ ಅಧ್ಯಯನ

ಸ್ಟ್ಯೂಕ್ಲಿಯ ಕಾಲದಲ್ಲಿ ಸ್ಟೋನ್‌ಹೆಂಜ್ ಯಾರ ನಿರ್ಮಾಣವೆಂಬ ಬಗ್ಗೆ ಪರಸ್ಪರ ವಿರುದ್ಧವಾದ ಅಭಿಪ್ರಾಯಗಳಿದ್ದವು. ಮಾಂತ್ರಿಕ ಮರ್ಲಿನ್ ಆ ಕಲ್ಲುಗಳನ್ನು ಐರ್ಲೆಂಡಿನಿಂದ ತರಿಸಿದನೆಂಬುದು ಮಧ್ಯಯುಗದಿಂದ ಬಂದ ಐತಿಹ್ಯ. ಅದು ರೋಮನ್ ದೇಗುಲವೆಂಬ ವಾಸ್ತುಶಿಲ್ಪಿ ಇನಿಗೋ ಜೋನ್ಸ್‌ನ ವಾದ ಅವನ ಮರಣಾನಂತರ 1655ರಲ್ಲಿ ಪ್ರಕಟವಾಗಿತ್ತು. 1663ರಲ್ಲಿ ವಾಲ್ಟರ್ ಚಾರ್ಲ್‌ಟನ್ ಅದನ್ನು ಡೇನರ ಕಟ್ಟಡವೆಂದು ಹೇಳಿದ್ದ. ಇವು ರೋಮನ್ನರಿಗಿಂತ ಹಿಂದಿನ ಸ್ಥಳೀಯ ಜನರ ನಿರ್ಮಾಣವೆಂದು ಜಾನ್ ಆಬ್ರಿ ಊಹಿಸಿದ್ದನಾದರೂ ಅವನ ಬರಹ ಹಸ್ತಪ್ರತಿಯಲ್ಲಿಯೇ ಉಳಿದಿತ್ತು. ಆ ಹಸ್ತಪ್ರತಿಯಿಂದ ತೆಗೆದ ಟಿಪ್ಪಣಿಗಳನ್ನು ಓದಿದ್ದ ಸ್ಟ್ಯೂಕ್ಲಿ, 1719ರಲ್ಲಿ ರೋಜರ್ ಗೇಲ್ ಮತ್ತು ಸ್ಯಾಮ್ಯುಯೆಲ್ ಗೇಲ್ ಸಹೋದರರೊಡನೆ ಮೊದಲ ಬಾರಿಗೆ ವಿಲ್ಟ್‌ಶೈರ್‌ಗೆ ಹೋದ. ಅನಂತರ 1724ರವರೆಗೆ ಪ್ರತಿವರ್ಷವೂ ಅಲ್ಲಿಗೆ ಹೋಗಿ ಕ್ಷೇತ್ರಕಾರ್ಯ ನಡೆಸಿದ.

ಅದುವರೆಗಿನ ಲೇಖಕರ ಗಮನ ಹೆಚ್ಚಾಗಿ ನಿಂತ ಕಲ್ಲುಗಳ ಮೇಲಷ್ಟೇ ಇತ್ತು. ಸ್ಟ್ಯೂಕ್ಲಿ ಸುತ್ತಲಿನ ಬಯಲನ್ನೂ ಅಧ್ಯಯನದ ಭಾಗವಾಗಿಸಿಕೊಂಡ. ಶಿಲಾವೃತ್ತದಿಂದ ಹೊರಟು ಏವನ್ ನದಿಯ ಕಡೆಗೆ ಸಾಗುವ, ಎರಡು ಬದಿಗೂ ತಗ್ಗಾದ ಮಣ್ಣಿನ ಏರಿಗಳಿರುವ ಹಾದಿಯನ್ನು 1721ರಲ್ಲಿ ಗುರುತಿಸಿದ. 1723ರ ಆಗಸ್ಟ್‌ನಲ್ಲಿ, ಸ್ಟೋನ್‌ಹೆಂಜ್‌ನ ಉತ್ತರಕ್ಕೆ ಸುಮಾರು 3 ಕಿಲೋಮೀಟರ್ ಉದ್ದಕ್ಕೆ ಹಬ್ಬಿದ ಇನ್ನೊಂದು ಮಣ್ಣಿನ ರಚನೆಯನ್ನು ಕಂಡುಹಿಡಿದ. ಅದು ಪ್ರಾಚೀನರ ರಥಸ್ಪರ್ಧೆಯ ಅಂಗಳವಾಗಿರಬೇಕೆಂದು ಭಾವಿಸಿ ಕರ್ಸಸ್ ಎಂಬ ಲ್ಯಾಟಿನ್ ಹೆಸರನ್ನು ಕೊಟ್ಟ. ಸ್ಟೋನ್‌ಹೆಂಜ್‌ನ ಮೊದಲ ಹಂತಕ್ಕಿಂತಲೂ ಕೆಲವು ಶತಮಾನ ಹಿಂದಿನ ಈ ರಚನೆ ರಥಗಳಿಗೆ ಸಂಬಂಧಿಸಿದ್ದಲ್ಲವೆಂದು ಈಗ ತಿಳಿದಿದೆ. ಆದರೆ ಪುರಾತತ್ವಜ್ಞರು ಅಂಥ ರಚನೆಗಳನ್ನು ಇಂದಿಗೂ ಅದೇ ಹೆಸರಿನಿಂದ ಕರೆಯುತ್ತಾರೆ. ಎರಡು ನಿಂತ ಕಲ್ಲುಗಳ ಮೇಲೆ ಒಂದು ಅಡ್ಡಗಲ್ಲನ್ನು ಇರಿಸಿದ ರಚನೆಗೆ ಟ್ರೈಲಿಥಾನ್ ಎಂಬ ಹೆಸರನ್ನಿಟ್ಟವನೂ ಈತನೇ.

ಸ್ಟೋನ್‌ಹೆಂಜ್‌ನ ಅಕ್ಷವು ಈಶಾನ್ಯಕ್ಕೆ, ಅಂದರೆ ವರ್ಷದ ಅತಿ ದೀರ್ಘ ಹಗಲಿನ ಸೂರ್ಯೋದಯದ ದಿಕ್ಕಿಗೆ, ತಿರುಗಿರುವುದನ್ನು ಸ್ಟ್ಯೂಕ್ಲಿ ಗಮನಿಸಿ ಬರೆದ. ಈ ಶಿಲಾವೃತ್ತದ ಖಗೋಳ ಸಂಬಂಧವನ್ನು ಕುರಿತ ಚರ್ಚೆಗೆ ಇದು ಆರಂಭ. ನಿರ್ಮಾಪಕರು ಕಾಂತಸೂಚಿಯನ್ನು ಬಳಸಿ ದಿಕ್ಕನ್ನು ನಿರ್ಧರಿಸಿದ್ದರೆಂದು ಭಾವಿಸಿ, ಕಾಂತೀಯ ದಿಕ್ಕಿನ ಕಾಲಕಾಲದ ಬದಲಾವಣೆಯ ಲೆಕ್ಕದಿಂದ ಕಟ್ಟಡದ ಕಾಲವನ್ನು ಕ್ರಿ.ಪೂ. 460 ಎಂದು ಅಂದಾಜಿಸಿದ. ಈ ಲೆಕ್ಕಕ್ಕೆ ಖಗೋಳವಿಜ್ಞಾನಿ ಎಡ್ಮಂಡ್ ಹ್ಯಾಲಿಯ ಅಭಿಪ್ರಾಯಗಳು ಆಧಾರವಾಗಿದ್ದವು. ಫಲಿತಾಂಶ ತಪ್ಪಾಗಿದ್ದರೂ, ಲಿಖಿತ ದಾಖಲೆಗಳಿಲ್ಲದ ಸ್ಮಾರಕದ ಕಾಲವನ್ನು ಭೌತಿಕ ಸಾಕ್ಷ್ಯದಿಂದ ನಿರ್ಣಯಿಸುವ ಪ್ರಯತ್ನವೆಂಬ ಕಾರಣಕ್ಕೆ ಇದು ಗಮನಾರ್ಹವಾಗಿದೆ.

ಸಮಾಧಿದಿಬ್ಬಗಳ ಕಾಲವನ್ನು ಕುರಿತ ಈತನ ತರ್ಕ ಇದಕ್ಕಿಂತ ಭದ್ರವಾದುದು. ಓಕ್ಲಿ ಡೌನ್ ಎಂಬಲ್ಲಿ ರೋಮನ್ ರಸ್ತೆಯೊಂದು ಸಮಾಧಿದಿಬ್ಬವೊಂದರ ಅಂಚನ್ನು ಕತ್ತರಿಸಿ ಸಾಗಿರುವುದನ್ನು ಈತ ಕಂಡ. ರಸ್ತೆ ದಿಬ್ಬವನ್ನು ಕತ್ತರಿಸಿದ್ದರೆ ದಿಬ್ಬವೇ ಮೊದಲಿನದು, ಅಂದರೆ ಅದು ರೋಮನ್ನರಿಗಿಂತ ಹಿಂದಿನದು ಎಂಬುದು ಈತನ ತೀರ್ಮಾನ. ಸ್ಟೋನ್‌ಹೆಂಜ್ ಸುತ್ತಲಿನ ಕೆಲವು ದಿಬ್ಬಗಳನ್ನು ಅಗೆಸಿ, ಅವುಗಳಲ್ಲಿ ಕಂಡ ಮಣ್ಣು ಮತ್ತು ಸುಣ್ಣಕಲ್ಲಿನ ಪದರಗಳನ್ನು ಕ್ರಮವಾಗಿ ದಾಖಲಿಸಿದ.

ಏವ್‌ಬರಿಯ ನಾಶ ಮತ್ತು ದಾಖಲೆ

ಸ್ಟೋನ್‌ಹೆಂಜ್‌ನ ಉತ್ತರಕ್ಕೆ ಇರುವ ಏವ್‌ಬರಿಯ ಹೊರವೃತ್ತದ ವ್ಯಾಸ ಸುಮಾರು 330 ಮೀಟರ್. ಇದು ಪ್ರಪಂಚದ ಅತಿ ದೊಡ್ಡ ಶಿಲಾವೃತ್ತ. ಅದರ ಒಳಗೆ ಹಳ್ಳಿಯೊಂದು ಬೆಳೆದಿದ್ದು, ಸ್ಟ್ಯೂಕ್ಲಿ ಅಲ್ಲಿಗೆ ಹೋದ ಕಾಲದಲ್ಲಿ ಹೊಲ ಹಸನು ಮಾಡಲೂ ಮನೆ ಕಟ್ಟಲೂ ಕಲ್ಲುಗಳನ್ನು ಒಡೆಯುವ ಕೆಲಸ ನಡೆದಿತ್ತು. ಕಲ್ಲನ್ನು ಗುಂಡಿಗೆ ಉರುಳಿಸಿ, ಅದರ ಕೆಳಗೆ ಹುಲ್ಲು ತುಂಬಿ ಉರಿ ಹಾಕಿ, ಕಾದ ಮೈಮೇಲೆ ತಣ್ಣೀರು ಎರೆದು, ಭಾರಿ ಸುತ್ತಿಗೆಗಳಿಂದ ಹೊಡೆದು ಚೂರು ಮಾಡುತ್ತಿದ್ದರು. ಈ ವಿಧಾನವನ್ನು ಸ್ಟ್ಯೂಕ್ಲಿ ಚಿತ್ರಿಸಿಟ್ಟಿದ್ದಾನೆ.

ನಾಶವನ್ನು ತಡೆಯುವ ಅಧಿಕಾರ ಈತನಿಗಿರಲಿಲ್ಲ. ಪ್ರಾಚೀನ ಸ್ಮಾರಕಗಳನ್ನು ರಕ್ಷಿಸುವ ಕಾನೂನೂ ಆಗ ಇರಲಿಲ್ಲ. ಆದುದರಿಂದ ಈತ ದಾಖಲೆಯ ಮಾರ್ಗವನ್ನು ಹಿಡಿದ. ನಿಂತಿರುವ ಕಲ್ಲು, ಬಿದ್ದಿರುವ ಕಲ್ಲು, ಕಿತ್ತುಹೋದ ಕಲ್ಲಿನ ಗುಂಡಿ ಇವುಗಳನ್ನು ಬೇರೆಬೇರೆಯಾಗಿ ನಕ್ಷೆಯಲ್ಲಿ ಗುರುತಿಸಿದ. ಯಾವ ಕಲ್ಲನ್ನು ಯಾರು, ಯಾವಾಗ ಒಡೆದರೆಂಬುದನ್ನು ಊರಿನ ಹಿರಿಯರನ್ನು ಕೇಳಿ ಬರೆದುಕೊಂಡ. ಓವರ್ಟನ್ ಗುಡ್ಡದ ಮೇಲಿದ್ದ, ಸ್ಯಾಂಕ್ಚುಯರಿ ಎಂಬ ಹೆಸರಿನ ಚಿಕ್ಕ ಶಿಲಾವೃತ್ತ ಈತನ ಕ್ಷೇತ್ರಕಾರ್ಯದ ಅವಧಿಯಲ್ಲಿಯೇ, 1724ರ ಸುಮಾರಿಗೆ, ಸಂಪೂರ್ಣವಾಗಿ ಅಳಿಯಿತು. ಅದರ ರೂಪ ಉಳಿದದ್ದು ಈತನ ರೇಖಾಚಿತ್ರಗಳಲ್ಲಿ.

ಪಾದ್ರಿ ವೃತ್ತಿ ಮತ್ತು ಡ್ರೂಯಿಡ್ ಸಿದ್ಧಾಂತ

ತನ್ನ ಪ್ರವಾಸಗಳ ವಿವರಗಳನ್ನು 1724ರಲ್ಲಿ ಇಟಿನರೇರಿಯಂ ಕ್ಯೂರಿಯೋಸಂ ಎಂಬ ಗ್ರಂಥದಲ್ಲಿ ಪ್ರಕಟಿಸಿದ ಸ್ಟ್ಯೂಕ್ಲಿ, 1726ರಲ್ಲಿ ಲಂಡನ್ ಬಿಟ್ಟು ಲಿಂಕನ್‌ಶೈರ್‌ನ ಗ್ರ್ಯಾಂಥಮ್‌ನಲ್ಲಿ ನೆಲೆಸಿದ. ಅಲ್ಲಿ ಫ್ರಾನ್ಸಿಸ್ ವಿಲಿಯಮ್ಸನ್‌ಳನ್ನು ವಿವಾಹವಾದ. 1729ರಲ್ಲಿ ವೈದ್ಯವೃತ್ತಿಯನ್ನು ತೊರೆದು ಆಂಗ್ಲಿಕನ್ ಚರ್ಚಿನ ಪಾದ್ರಿಯಾಗಿ ದೀಕ್ಷೆ ಪಡೆದು, ಸ್ಟ್ಯಾಮ್‌ಫರ್ಡ್ ಪಟ್ಟಣದ ಆಲ್ ಸೇಂಟ್ಸ್ ಚರ್ಚಿನ ಹೊಣೆ ವಹಿಸಿಕೊಂಡ. 1737ರಲ್ಲಿ ಪತ್ನಿ ತೀರಿಕೊಂಡ ಬಳಿಕ, 1739ರಲ್ಲಿ ತನ್ನ ಹಳೆಯ ಸಹಪ್ರವಾಸಿಗಳಾದ ಗೇಲ್ ಸಹೋದರರ ತಂಗಿ ಎಲಿಜಬೆತ್‌ಳನ್ನು ಮದುವೆಯಾದ.

ವಿಲ್ಟ್‌ಶೈರ್‌ನ ಕ್ಷೇತ್ರಕಾರ್ಯದ ಫಲ ಗ್ರಂಥರೂಪದಲ್ಲಿ ಬಂದದ್ದು ಬಹಳ ತಡವಾಗಿ. ಸ್ಟೋನ್‌ಹೆಂಜ್ ಕುರಿತ ಗ್ರಂಥ 1740ರಲ್ಲಿಯೂ ಏವ್‌ಬರಿ ಕುರಿತ ಗ್ರಂಥ 1743ರಲ್ಲಿಯೂ ಪ್ರಕಟವಾದವು. ಈ ನಡುವೆ ಈತನ ಉದ್ದೇಶವೇ ಬದಲಾಗಿತ್ತು. ಡ್ರೂಯಿಡರು ಅಬ್ರಹಾಮನ ಕಾಲದ ಆದಿಧರ್ಮವನ್ನು ಅನುಸರಿಸಿದವರು, ಕ್ರೈಸ್ತಧರ್ಮದ ತ್ರಿತ್ವ ತತ್ವದ ಅರಿವು ಅವರಿಗಿತ್ತು ಎಂದು ಸ್ಟ್ಯೂಕ್ಲಿ ಈ ಗ್ರಂಥಗಳಲ್ಲಿ ವಾದಿಸಿದ. ಸ್ಟೋನ್‌ಹೆಂಜ್ ಡ್ರೂಯಿಡರ ಮಾನದಂಡದಲ್ಲಿ ನಿರ್ಮಿತವಾಗಿದೆಯೆಂದು ಹೇಳಿ, ಆ ಮಾನದ ಉದ್ದವನ್ನು 20.8 ಅಂಗುಲವೆಂದು ನಿಗದಿಪಡಿಸಿದ. ಏವ್‌ಬರಿಯ ವೃತ್ತವನ್ನೂ ಅದರಿಂದ ಹೊರಡುವ ಎರಡು ಶಿಲಾಸಾಲುಗಳನ್ನೂ ಕೂಡಿಸಿ, ವೃತ್ತದ ಮೂಲಕ ಹಾದುಹೋಗುವ ಬೃಹತ್ ಸರ್ಪದ ಆಕೃತಿಯೆಂದು ವಿವರಿಸಿದ.

ಈ ಸಿದ್ಧಾಂತಕ್ಕಾಗಿ ಸ್ಟ್ಯೂಕ್ಲಿ ತನ್ನ ದಾಖಲೆಯನ್ನೇ ಮಾರ್ಪಡಿಸಿದ. ಸ್ಥಳದಲ್ಲಿ ಬರೆದ ರೇಖಾಚಿತ್ರಗಳಲ್ಲಿ ಸ್ಯಾಂಕ್ಚುಯರಿ ದುಂಡಗಿತ್ತು. ಅಚ್ಚಾದ ನಕ್ಷೆಯಲ್ಲಿ ಅದು ಸರ್ಪದ ತಲೆಗೆ ಹೊಂದುವಂತೆ ಅಂಡಾಕಾರವನ್ನು ತಾಳಿತು. ಕೈಬರಹದ ಮೂಲಟಿಪ್ಪಣಿಗಳು ಉಳಿದುಬಂದುದರಿಂದಲೇ ಈ ವ್ಯತ್ಯಾಸ ಬೆಳಕಿಗೆ ಬಂದಿದೆ. ಈ ಕಾರಣದಿಂದ ಸಂಶೋಧಕರು ಈತನ ಮುದ್ರಿತ ಗ್ರಂಥಗಳಿಗಿಂತ 1720ರ ದಶಕದ ಹಸ್ತಪ್ರತಿಗಳಿಗೆ ಹೆಚ್ಚಿನ ಬೆಲೆ ಕೊಡುತ್ತಾರೆ.

ಕೊನೆಯ ವರ್ಷಗಳು

1747ರ ಕೊನೆಗೆ ಮಾಂಟೆಗ್ಯೂ ಡ್ಯೂಕನ ನೆರವಿನಿಂದ ಲಂಡನ್ನಿನ ಕ್ವೀನ್ ಸ್ಕ್ವೇರ್‌ನ ಸೇಂಟ್ ಜಾರ್ಜ್ ಚರ್ಚಿನ ಪಾದ್ರಿ ಹುದ್ದೆ ದೊರೆತು, ಸ್ಟ್ಯೂಕ್ಲಿ ಮತ್ತೆ ರಾಜಧಾನಿಗೆ ಮರಳಿದ. 1752ರಲ್ಲಿ ನ್ಯೂಟನ್ನನ ಜೀವನಸ್ಮರಣೆಯನ್ನು ಬರೆದು ಮುಗಿಸಿದ. ಸೇಬು ಬೀಳುವುದನ್ನು ಕಂಡು ಗುರುತ್ವದ ವಿಚಾರ ಹೊಳೆಯಿತೆಂದು ನ್ಯೂಟನ್ 1726ರ ಏಪ್ರಿಲ್ 15ರಂದು ತೋಟದಲ್ಲಿ ಕುಳಿತು ತನಗೆ ಹೇಳಿದುದನ್ನು ಈತ ಅದರಲ್ಲಿ ದಾಖಲಿಸಿದ್ದಾನೆ. ಈ ಕೃತಿ ಅಚ್ಚಾದದ್ದು 1936ರಲ್ಲಿ.

ಈ ಕಾಲದಲ್ಲಿಯೇ ಈತ ದೊಡ್ಡದೊಂದು ವಂಚನೆಗೂ ಒಳಗಾದ. ಕೋಪನ್‌ಹೇಗನ್‌ನಲ್ಲಿದ್ದ ಚಾರ್ಲ್ಸ್ ಬರ್ಟ್ರಮ್ ಎಂಬಾತ, ರೋಮನ್ ಬ್ರಿಟನ್ನಿನ ಭೂವಿವರಣೆಯುಳ್ಳ ಮಧ್ಯಯುಗದ ಹಸ್ತಪ್ರತಿಯೊಂದು ತನಗೆ ದೊರೆತಿದೆಯೆಂದು ಪತ್ರ ಬರೆದ. ಸ್ಟ್ಯೂಕ್ಲಿ ಅದನ್ನು ನಂಬಿ 1757ರಲ್ಲಿ ಅದರ ವಿವರಣೆಯನ್ನು ಪ್ರಕಟಿಸಿದ. ಅದು ಬರ್ಟ್ರಮ್‌ನ ಸ್ವಂತ ಸೃಷ್ಟಿಯೆಂಬುದು 19ನೆಯ ಶತಮಾನದ ಉತ್ತರಾರ್ಧದಲ್ಲಿ ಸಿದ್ಧವಾಗುವವರೆಗೂ ಅನೇಕ ಇತಿಹಾಸಕಾರರು ಅದನ್ನು ಆಧಾರವಾಗಿ ಬಳಸಿದರು.

1765ರ ಮಾರ್ಚ್ 3ರಂದು ಸ್ಟ್ಯೂಕ್ಲಿ ಲಂಡನ್ನಿನಲ್ಲಿ ನಿಧನ ಹೊಂದಿದ. ಈಸ್ಟ್ ಹ್ಯಾಮ್‌ನ ಚರ್ಚಿನ ಅಂಗಳದಲ್ಲಿ ಈತನನ್ನು ಹೂಳಲಾಯಿತು. ಸಮಾಧಿಯ ಮೇಲೆ ಯಾವ ಸ್ಮಾರಕವನ್ನೂ ನಿಲ್ಲಿಸಲಿಲ್ಲ.

ನಂತರದ ಸಂಶೋಧನೆ ಮತ್ತು ಮೌಲ್ಯಮಾಪನ

ಸ್ಟೋನ್‌ಹೆಂಜ್‌ನ ಮೊದಲ ಹಂತ ಸುಮಾರು ಕ್ರಿ.ಪೂ. 3000ದಲ್ಲಿಯೂ ಅದರ ದೊಡ್ಡ ಸಾರ್ಸೆನ್ ಕಲ್ಲುಗಳ ರಚನೆ ಸುಮಾರು ಕ್ರಿ.ಪೂ. 2500ರಲ್ಲಿಯೂ ನಿರ್ಮಾಣವಾದವೆಂದು ಇಂದಿನ ಪುರಾತತ್ವಶಾಸ್ತ್ರ ನಿರ್ಧರಿಸಿದೆ. ಡ್ರೂಯಿಡರ ಉಲ್ಲೇಖಗಳು ಗ್ರೀಕ್ ಮತ್ತು ರೋಮನ್ ಬರಹಗಳಲ್ಲಿ ಕಾಣಸಿಗುವುದು ಇದಕ್ಕಿಂತ ಸುಮಾರು ಎರಡು ಸಾವಿರ ವರ್ಷಗಳ ಅನಂತರ. ಹೀಗಾಗಿ ಸ್ಟ್ಯೂಕ್ಲಿಯ ಮುಖ್ಯ ಸಿದ್ಧಾಂತಕ್ಕೆ ಆಧಾರವಿಲ್ಲ. ಆದರೂ ಅದು ಕವಿ ವಿಲಿಯಂ ಬ್ಲೇಕ್‌ನಂಥವರ ಮೇಲೆ ಪ್ರಭಾವ ಬೀರಿತು. ಸ್ಟೋನ್‌ಹೆಂಜ್‌ನಲ್ಲಿ ಸೇರುವ ಆಧುನಿಕ ಡ್ರೂಯಿಡ್ ಪಂಥಗಳ ನಂಬಿಕೆಯ ಹಿನ್ನೆಲೆಯಲ್ಲಿಯೂ ಅದರ ಪಾತ್ರವಿದೆ.

ಕ್ಷೇತ್ರಕಾರ್ಯದ ವಿಷಯದಲ್ಲಿ ಕಾಲದ ತೀರ್ಪು ಬೇರೆಯಾಗಿದೆ. 1930ರಲ್ಲಿ ಮಾಡ್ ಕನಿಂಗ್ಟನ್ ಸ್ಟ್ಯೂಕ್ಲಿಯ ದಾಖಲೆಗಳ ನೆರವಿನಿಂದ ಸ್ಯಾಂಕ್ಚುಯರಿಯ ನೆಲೆಯನ್ನು ಮತ್ತೆ ಪತ್ತೆಮಾಡಿದಳು. 1930ರ ದಶಕದಲ್ಲಿ ಅಲೆಕ್ಸಾಂಡರ್ ಕೀಲರ್ ಏವ್‌ಬರಿಯಲ್ಲಿ ಉತ್ಖನನ ನಡೆಸಿ, ಹೂತುಹೋಗಿದ್ದ ಕಲ್ಲುಗಳನ್ನು ಮತ್ತೆ ನಿಲ್ಲಿಸಿ, ನಾಶವಾದ ಕಲ್ಲುಗಳ ಜಾಗದಲ್ಲಿ ಕಾಂಕ್ರೀಟ್ ಕಂಬಗಳನ್ನು ನೆಡಿಸಿದ. ಏವ್‌ಬರಿಯಿಂದ ಪಶ್ಚಿಮಕ್ಕೆ ಬೆಕ್‌ಹ್ಯಾಂಪ್ಟನ್ ಕಡೆಗೆ ಹೋಗುತ್ತಿತ್ತೆಂದು ಸ್ಟ್ಯೂಕ್ಲಿ ಹೇಳಿದ್ದ ಶಿಲಾಸಾಲು ಸರ್ಪದ ಬಾಲಕ್ಕಾಗಿ ಆತ ಕಲ್ಪಿಸಿಕೊಂಡದ್ದೆಂದು ಅನೇಕ ವಿದ್ವಾಂಸರು ಬಹುಕಾಲ ಶಂಕಿಸಿದ್ದರು. 1999ರ ಉತ್ಖನನದಲ್ಲಿ ಆ ಸಾಲಿನ ಹೂತ ಕಲ್ಲುಗಳೂ ಕಲ್ಲಿನ ಗುಂಡಿಗಳೂ ದೊರೆತು, ಅದು ನಿಜವಾಗಿಯೂ ಇದ್ದಿತೆಂಬುದು ದೃಢಪಟ್ಟಿತು.

ಪುರಾತತ್ವಜ್ಞ ಸ್ಟುವರ್ಟ್ ಪಿಗಟ್ 1950ರಲ್ಲಿ ಸ್ಟ್ಯೂಕ್ಲಿಯ ಜೀವನಚರಿತ್ರೆಯನ್ನು ಬರೆದು, 1985ರಲ್ಲಿ ಅದನ್ನು ಪರಿಷ್ಕರಿಸಿದ. ಸ್ಟೋನ್‌ಹೆಂಜ್ ಮತ್ತು ಏವ್‌ಬರಿ 1986ರಲ್ಲಿ ಯುನೆಸ್ಕೋದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದವು. ಏವ್‌ಬರಿಯಲ್ಲಿ ಈಗ ಕಾಣದಾಗಿರುವ ಹಲವು ಕಲ್ಲುಗಳಿಗೆ ಸ್ಟ್ಯೂಕ್ಲಿಯ ನಕ್ಷೆಗಳು ಮತ್ತು ಟಿಪ್ಪಣಿಗಳೇ ಉಳಿದಿರುವ ಪ್ರಮುಖ ಲಿಖಿತ ಸಾಕ್ಷ್ಯ.