ಸೋತರೂ ದಾರಿ ಮಾಡಿಕೊಟ್ಟ ಕಮಲಾದೇವಿ

ಹೋಳೂರು: ಪಂಚಾಯ್ತಿ ಚುನಾವಣೆ ಬಂತೆಂದರೆ ಈಗ ಹೆಣ್ಣುಮಕ್ಕಳೂ ನಾಮಪತ್ರ ಹಾಕ್ತಾರೆ, ಮನೆ ಮನೆಗೆ ಹೋಗಿ ಓಟು ಕೇಳ್ತಾರೆ. ನೂರು ವರ್ಷದ ಹಿಂದೆ ಇದು ಸುಲಭದ ಮಾತಾಗಿರಲಿಲ್ಲ.

ಕಮಲಾದೇವಿ ಚಟ್ಟೋಪಾಧ್ಯಾಯ ಹುಟ್ಟಿದ್ದು 1903ರಲ್ಲಿ, ಮಂಗಳೂರಿನಲ್ಲಿ. ಏಳು ವರ್ಷದವರಿದ್ದಾಗ ತಂದೆ ತೀರಿಕೊಂಡರು. ಉಯಿಲು ಬರೆದಿರಲಿಲ್ಲ. ಆಸ್ತಿಯೆಲ್ಲ ಮೊದಲ ಹೆಂಡತಿಯ ಮಗನ ಪಾಲಾಯ್ತು. ತಾಯಿ ಗಿರಿಜಾಬಾಯಿಗೂ ಮಗಳಿಗೂ ಅದರಲ್ಲಿ ಹಕ್ಕಿರಲಿಲ್ಲ.

ಓಟಿನ ಕಥೆಯೂ ಹಾಗೇ. ಮಂಗಳೂರು ಆಗ ಮದ್ರಾಸ್ ಪ್ರಾಂತ್ಯದಲ್ಲಿತ್ತು. 1921ರಲ್ಲಿ ಅಲ್ಲಿ ಹೆಂಗಸರಿಗೆ ಓಟು ಬಂತು. ಆದರೆ ಓಟು ಹಾಕೋಕೆ ಆಸ್ತಿ, ತೆರಿಗೆ ಲೆಕ್ಕ ಬೇಕು. ಆಸ್ತಿಯೆಲ್ಲ ಗಂಡಸರ ಹೆಸರಲ್ಲಿ. ಹಾಗಾಗಿ ಸಿಕ್ಕಿದ್ದು ಕೆಲವೇ ಹೆಂಗಸರಿಗೆ.

1926ರಲ್ಲಿ ಹೆಂಗಸರು ಚುನಾವಣೆಗೆ ನಿಲ್ಲಬಹುದು ಅಂತ ಆಯ್ತು. ಬಾಲವಿಧವೆಯಾಗಿ, ಮರುಮದುವೆಯಾಗಿದ್ದ ಕಮಲಾದೇವಿ ಮಾರ್ಗರೆಟ್ ಕಸಿನ್ಸ್ ಒತ್ತಾಸೆಯಿಂದ ಮದ್ರಾಸ್ ಶಾಸನಸಭೆಗೆ ನಿಂತೇಬಿಟ್ಟರು. ಪ್ರಚಾರಕ್ಕೆ ಸಿಕ್ಕಿದ್ದು ಕೆಲವೇ ದಿನ. ಸ್ವಲ್ಪ ಓಟಿನಲ್ಲಿ ಸೋತರು.

ಸುಮ್ಮನೆ ಕೂರಲಿಲ್ಲ. 1930ರ ಉಪ್ಪಿನ ಸತ್ಯಾಗ್ರಹಕ್ಕೆ ಹೆಂಗಸರನ್ನೂ ಸೇರಿಸಿಕೊಳ್ಳಬೇಕು ಅಂತ ಗಾಂಧೀಜಿ ಹತ್ತಿರವೇ ಹಠ ಹಿಡಿದರು, ಜೈಲಿಗೂ ಹೋದರು. ಆಸ್ತಿ ಇಲ್ಲದವರಿಗೂ ಓಟು ಬಂದದ್ದು ಸಂವಿಧಾನ ಬಂದ ಮೇಲೆ.

1988ರಲ್ಲಿ ಅವರು ತೀರಿಕೊಂಡರು. ಕರಕುಶಲ ಕಲೆಗೆ ಜೀವ ಕೊಟ್ಟವರು ಅಂತ ಜನ ನೆನೆಯುತ್ತಾರೆ. ಓಟು ಕೇಳಿ ಸೋತ ಆ 1926 ಮಾತ್ರ ಮರೆತುಹೋಗಿದೆ.