ಮಂಡೂಕಶಾಸ್ತ್ರಜ್ಞ ಪ್ರೊಫೆಸರ್ ಸಿ. ಆರ್. ನಾರಾಯಣರಾಯರು

ಮುಂಗಾರಿನ ಮೊದಲ ಮಳೆ ಬಿದ್ದ ರಾತ್ರಿ, ಮಂಡ್ಯದ ನಾಲೆಯ ಬಯಲಿನಲ್ಲಾಗಲಿ, ಮದ್ದೂರಿನಲ್ಲಿ ಶಿಂಷಾ ನದಿಯ ದಡದಲ್ಲಾಗಲಿ, ಮಳವಳ್ಳಿಯ ಕಡೆಯ ಕೆರೆಗಳ ಕೆಳಗಣ ಗದ್ದೆಗಳಲ್ಲಾಗಲಿ ಕಪ್ಪೆಗಳ ಕೂಗನ್ನು ಕೇಳದೆ ನಿದ್ರೆಹೋದ ಹುಡುಗಿ ನಮ್ಮ ಶಾಲೆಯಲ್ಲಿ ಒಬ್ಬಳೂ ಇರಲಾರಳು. ಹೀಗಿದ್ದರೂ ಈ ಪ್ರಾಣಿಯ ವಿಷಯದಲ್ಲಿ ನಮಗಿರುವ ತಿಳಿವಳಿಕೆ ಅತ್ಯಲ್ಪ, ತಾತ್ಸಾರವೇ ಅಧಿಕ. ಇಂತಹ ಅಲ್ಪಜೀವಿಯ ಅಧ್ಯಯನಕ್ಕೆ ತಮ್ಮ ಆಯುಷ್ಯದ ಬಹುಭಾಗವನ್ನು ಮೀಸಲಿಟ್ಟು ಕೀರ್ತಿಶೇಷರಾದ ಮಹನೀಯರೊಬ್ಬರು ನಮ್ಮ ಮೈಸೂರು ಸೀಮೆಯಲ್ಲಿಯೇ ಕೆಲಸಮಾಡಿದರು. ಅವರ ಚರಿತ್ರೆಯನ್ನು ನಮ್ಮ ಹಳೆಯ ವಿದ್ಯಾರ್ಥಿನಿಯರಿಗೂ ಪೋಷಕರಿಗೂ ಸಂಗ್ರಹವಾಗಿ ನಿವೇದಿಸುವುದೇ ಈ ಲೇಖನದ ಉದ್ದೇಶ.

ನಾರಾಯಣರಾಯರು 1882ನೆಯ ಇಸವಿ ಆಗಸ್ಟ್ 15ರಂದು ಕೊಯಮತ್ತೂರಿನಲ್ಲಿ ಜನಿಸಿದರು. ಬಳ್ಳಾರಿಯಲ್ಲಿ ವಿದ್ಯಾಭ್ಯಾಸ ಮಾಡಿ, ಮುಂದೆ ಮದರಾಸಿನ ಕ್ರಿಶ್ಚಿಯನ್ ಕಾಲೇಜನ್ನು ಸೇರಿದರು. ಸ್ಕಾಟ್ಲೆಂಡಿನ ಮಿಷನರಿಗಳು 1837ರಲ್ಲಿ ಸ್ಥಾಪಿಸಿದ ಆ ವಿದ್ಯಾಸಂಸ್ಥೆಯಲ್ಲಿ, ಏಡಿ ಸೀಗಡಿಗಳ ಶಾಸ್ತ್ರದಲ್ಲಿ ಪರಿಣತರಾಗಿದ್ದ ಪ್ರೊಫೆಸರ್ ಹೆಂಡರ್ಸನ್ ಎಂಬವರು ಪ್ರಾಣಿಶಾಸ್ತ್ರವನ್ನು ಬೋಧಿಸುತ್ತಿದ್ದರು. ಅವರ ಶಿಷ್ಯರಾಗಿ ಉನ್ನತ ಪದವಿಯನ್ನು ಪಡೆದ ರಾಯರು ಕೊಯಮತ್ತೂರು, ಎರ್ನಾಕುಲಂಗಳಲ್ಲಿ ಕೆಲಕಾಲ ಪಾಠ ಹೇಳಿ, ಬಳಿಕ ಬೆಂಗಳೂರಿನ ಸೆಂಟ್ರಲ್ ಕಾಲೇಜಿಗೆ ಬಂದರು. ಅಲ್ಲಿಯ ಪ್ರಾಣಿಶಾಸ್ತ್ರ ವಿಭಾಗದ ಮುಖ್ಯಸ್ಥರಾಗಿ 1937ರಲ್ಲಿ ನಿವೃತ್ತರಾಗುವವರೆಗೂ ಸೇವೆ ಸಲ್ಲಿಸಿದರು. ಕಾಲೇಜೆಂದರೆ ಪಾಠ ಒಪ್ಪಿಸುವ ಸ್ಥಳವೆಂದು ಬಹುಮಂದಿ ಭಾವಿಸಿದ್ದ ಆ ಕಾಲದಲ್ಲಿ, ಅಲ್ಲಿ ಹೊಸ ಸಂಶೋಧನೆಯೂ ನಡೆಯಬೇಕೆಂದು ಶ್ರಮಿಸಿದವರಲ್ಲಿ ಇವರು ಮೊದಲಿಗರ ಸಾಲಿಗೆ ಸೇರಿದವರು.

ರಾಯರು ಬೆಳೆದ ಕಪ್ಪೆಯನ್ನು ಮಾತ್ರ ನೋಡಿ ತೃಪ್ತರಾಗಲಿಲ್ಲ, ಗೊದಮೊಟ್ಟೆಗಳನ್ನೂ ಪರೀಕ್ಷಿಸಿದರು. 1918ರಲ್ಲಿ ಕಿರುಬಾಯಿಯ ಕಪ್ಪೆಗಳ ಗೊದಮೊಟ್ಟೆಗಳನ್ನು ಕುರಿತು ಲೇಖನವನ್ನು ಪ್ರಕಟಿಸಿದರು. ಈ ಜಾತಿಯ ಕಪ್ಪೆಗಳು ನಾಟಿಯ ಕಾಲದಲ್ಲಿ ನಮ್ಮ ಗದ್ದೆಗಳಲ್ಲಿಯೂ ಉಂಟು. ಸಾಮಾನ್ಯ ಗೊದಮೊಟ್ಟೆಗೆ ಪಾಚಿಯನ್ನು ಕೆರೆದು ತಿನ್ನಲು ಕೊಂಬಿನಂತೆ ಗಟ್ಟಿಯಾದ ದವಡೆಯಿರುತ್ತದೆ. ಇವುಗಳಿಗೆ ಅದು ಇಲ್ಲ. ನೀರನ್ನೇ ಒಳಗೆಳೆದು, ಅದರಲ್ಲಿ ತೇಲುವ ಸೂಕ್ಷ್ಮ ಆಹಾರವನ್ನು ಸೋಸಿಕೊಂಡು ಇವು ಜೀವಿಸುತ್ತವೆ. ಒಂದೇ ಗದ್ದೆಯ ನೀರಿನಲ್ಲಿ ಇಬ್ಬರು ನೆರೆಯವರು ಕಾದಾಡದೆ ಉಣ್ಣುವ ಏರ್ಪಾಡು ಇದು.

ಪ್ರಾಣಿಯ ದೇಹವು ತನ್ನ ವಾಸಸ್ಥಾನಕ್ಕೆ ಹೇಗೆ ಹೊಂದಿಕೊಳ್ಳುತ್ತದೆಂಬುದಕ್ಕೆ ಕಪ್ಪೆಗಿಂತ ಒಳ್ಳೆಯ ಪಾಠವಿಲ್ಲ. ಕಪ್ಪೆಯು ಬಾಯಿಂದ ನೀರು ಕುಡಿಯುವುದಿಲ್ಲ. ಹೊಟ್ಟೆ ತೊಡೆಗಳ ತೆಳುವಾದ ಚರ್ಮದಿಂದ ಹೀರಿಕೊಳ್ಳುತ್ತದೆ. ಅದೇ ಚರ್ಮದಿಂದ ಉಸಿರಾಟವೂ ಒಂದಷ್ಟು ನಡೆಯುತ್ತದೆ. ಆದರೆ ನೀರನ್ನು ಒಳಗೆ ಬಿಡುವ ಚರ್ಮವು ಹೊರಗೂ ಬಿಡುತ್ತದಷ್ಟೆ. ಆದಕಾರಣ ಬೇಸಗೆ ಬಂದೊಡನೆ ಗೋಂಕರು ಕಪ್ಪೆಯು ಮಣ್ಣಿನೊಳಗೆ ಹುದುಗುತ್ತದೆ. ಮೂತ್ರಕೋಶದಲ್ಲಿ ಕೂಡಿಟ್ಟ ನೀರನ್ನು ದೇಹವು ಮರಳಿ ಹೀರಿಕೊಳ್ಳುತ್ತದೆ. ನೆಲಗಪ್ಪೆಯಾದರೋ ಮೈಯ ನೀರಿನಲ್ಲಿ ಬಹುಭಾಗ ಆರಿಹೋದರೂ ತಾಳಿಕೊಳ್ಳಬಲ್ಲುದು. ಆದುದರಿಂದಲೇ ಅದು ಕೆರೆಯಿಂದ ದೂರವಾಗಿ ನಮ್ಮ ಅಡಿಗೆಮನೆಯ ಹಿತ್ತಲಲ್ಲಿಯೂ ಬಾಳುತ್ತದೆ.

ಇನ್ನೊಂದು ವಿಚಿತ್ರವನ್ನು ಹೇಳಬೇಕು. ಗೊದಮೊಟ್ಟೆಯು ಮೀನಿನಂತೆ ತನ್ನ ದೇಹದ ಕಲ್ಮಷವನ್ನು ಅಮೋನಿಯ ರೂಪದಲ್ಲಿ ನೀರಿಗೆ ಬಿಡುತ್ತದೆ. ಅಮೋನಿಯ ವಿಷವಾದ ಕಾರಣ ಅದನ್ನು ತೊಳೆಯಲು ಹೇರಳವಾಗಿ ನೀರು ಬೇಕು. ಬಾಲ ಕರಗಿ ದಡ ಹತ್ತುವ ಕಾಲಕ್ಕೆ ಅದರ ಪಿತ್ತಜನಕಾಂಗವು ಆ ಕಲ್ಮಷವನ್ನು ಅಷ್ಟು ವಿಷವಲ್ಲದ ಯೂರಿಯವನ್ನಾಗಿ ಮಾರ್ಪಡಿಸಲು ಆರಂಭಿಸುತ್ತದೆ. ಹಲ್ಲಿಯೂ ಕೋಳಿಯೂ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಬಹಳ ಸ್ವಲ್ಪ ನೀರಿನಿಂದಲೇ ಅದನ್ನು ಬಿಳಿಯ ಹಿಟ್ಟಿನಂತೆ ಹೊರಹಾಕುತ್ತವೆ. ಗೋಡೆಯ ಕೆಳಗೆ ಬಿದ್ದ ಹಲ್ಲಿಯ ಹಿಕ್ಕೆಯ ತುದಿಯಲ್ಲಿ ನಾವು ದಿನವೂ ಗುಡಿಸುವ ಬಿಳಿಯ ಚುಕ್ಕೆ ಅದೇ.

ರಾಯರ ಕೀರ್ತಿಗೆ ಮುಖ್ಯ ಕಾರಣವಾದುದು ಪಶ್ಚಿಮಘಟ್ಟಗಳ ಕಪ್ಪೆಗಳ ಶೋಧನೆ. ನಮ್ಮ ಗದ್ದೆಗೆ ನೀರುಣಿಸುವ ವಿಶ್ವೇಶ್ವರಯ್ಯ ನಾಲೆಯು ಕೃಷ್ಣರಾಜಸಾಗರದಿಂದ ಬರುತ್ತದೆ. ಆ ಸಾಗರವನ್ನು ತುಂಬುವ ಕಾವೇರಿ ಕೊಡಗಿನಲ್ಲಿ ಹುಟ್ಟುತ್ತಾಳೆ. ಆ ಕೊಡಗಿನಲ್ಲಿ, ಕಾವೇರಿಯ ಪವಿತ್ರವಾದ ಜೌಗುನೆಲದಲ್ಲಿ ದೊರೆತ ಇರುಳುಗಪ್ಪೆಯೊಂದನ್ನು ರಾಯರು 1920ರಲ್ಲಿ ಲೋಕಕ್ಕೆ ಪರಿಚಯಿಸಿ, ಲ್ಯಾಟಿನ್ ಭಾಷೆಯಲ್ಲಿ ಪವಿತ್ರ ಜೌಗಿನದು ಎಂಬ ಅರ್ಥ ಬರುವಂತೆ ಸ್ಯಾಂಕ್ಟಿಪಲುಸ್ಟ್ರಿಸ್ ಎಂದು ಹೆಸರಿಟ್ಟರು. ಈ ಕುಲದ ಅನೇಕ ಕಪ್ಪೆಗಳು ತೊರೆಯ ಮೇಲೆ ಬಾಗಿದ ಎಲೆ, ಬಂಡೆಗಳ ಮೇಲೆ ಮೊಟ್ಟೆಯಿಡುತ್ತವೆ. ಮರಿಗಳು ಕಾಲ ಕೂಡಿದಾಗ ಕೆಳಗಿನ ನೀರಿಗೆ ಜಾರಿಬೀಳುತ್ತವೆ. 1937ರಲ್ಲಿ ರಾಯರು ದಕ್ಷಿಣ ಭಾರತದ ಮತ್ತೆ ಹಲವು ಹೊಸ ಕಪ್ಪೆಗಳನ್ನು ವರ್ಣಿಸಿದರು.

1932ರಲ್ಲಿ ಬೆಂಗಳೂರಿನಿಂದ ಕರೆಂಟ್ ಸೈನ್ಸ್ ಎಂಬ ವಿಜ್ಞಾನ ಪತ್ರಿಕೆ ಹೊರಟಾಗ ಅದರ ಪ್ರಥಮ ಸಂಪಾದಕತ್ವವನ್ನು ಇವರೇ ವಹಿಸಿದರು. ಇವರ ವಿಭಾಗದಲ್ಲಿ ಪಳಗಿದ ಎಲ್. ಎಸ್. ರಾಮಸ್ವಾಮಿಯವರು ಕಪ್ಪೆಗಳ ತಲೆಬುರುಡೆಯ ವಿಷಯದಲ್ಲಿಯೂ, ಬಿ. ಆರ್. ಶೇಷಾಚಾರ್ ಅವರು ಎರೆಹುಳುವಿನಂತೆ ತೋರುವ ಕಾಲಿಲ್ಲದ ಉಭಯಚರಗಳ ವಿಷಯದಲ್ಲಿಯೂ ಪ್ರಸಿದ್ಧರಾದರು. ರಾಯರು 1960ರ ಜನವರಿ 2ರಂದು ದಿವಂಗತರಾದರು.

ಇನ್ನು ಮುಂದಿನ ಸಂಗತಿ ದುಃಖಕರವೂ ಹೌದು, ಆಶಾದಾಯಕವೂ ಹೌದು. ರಾಯರು ಕಾಲೇಜಿನಲ್ಲಿ ಜೋಪಾನಮಾಡಿ ಇರಿಸಿದ್ದ ಮೂಲ ಮಾದರಿಗಳಲ್ಲಿ ಅನೇಕವು ಕಾಲಕ್ರಮದಲ್ಲಿ ಕಳೆದುಹೋದವು. ಸೀಸೆ ಹೋದ ಮೇಲೆ ಉಳಿಯುವುದೇನು? ಬರೆದಿಟ್ಟ ಮಾತು ಉಳಿಯುತ್ತದೆ. ಕಪ್ಪೆಯ ಲಕ್ಷಣವೇನು, ಸಿಕ್ಕಿದ್ದು ಎಲ್ಲಿ ಎಂಬುದು ಅಚ್ಚಿನಲ್ಲಿದ್ದುದರಿಂದ ಮುಂದಿನವರು ಹುಡುಕುವುದಕ್ಕೆ ದಾರಿಯಾಯಿತು. ಪವಿತ್ರ ಜೌಗಿನ ಆ ಕಪ್ಪೆ 91 ವರ್ಷಗಳ ತರುವಾಯ ಮತ್ತೆ ದೊರೆತುದನ್ನು 2011ರಲ್ಲಿ ವಿಜ್ಞಾನಿಗಳು ಪ್ರಕಟಿಸಿದರು. ಅದಕ್ಕೂ ಒಂದು ವರ್ಷ ಮೊದಲು, 2010ರಲ್ಲಿ, ಪೊದೆಗಪ್ಪೆಗಳ ಒಂದು ಕುಲಕ್ಕೆ ರಾಯರ ಗೌರವಾರ್ಥವಾಗಿ ರಾವೋರ್ಕೆಸ್ಟಿಸ್ ಎಂದು ನಾಮಕರಣವಾಯಿತು. ಅರುವತ್ತಕ್ಕೂ ಮಿಕ್ಕ ಜಾತಿಗಳುಳ್ಳ ಈ ಕುಲದಲ್ಲಿ ನೀರಿನಲ್ಲಿ ಈಜುವ ಗೊದಮೊಟ್ಟೆಯೇ ಇಲ್ಲ. ತೇವವಾದ ಸ್ಥಳದಲ್ಲಿಟ್ಟ ಮೊಟ್ಟೆಯೊಳಗೆ ಸಕಲವೂ ಮುಗಿದು ಪುಟ್ಟ ಕಪ್ಪೆಯೇ ಹೊರಬರುತ್ತದೆ.

ನಾವು ಒಂದು ತಪ್ಪನ್ನು ಇಲ್ಲಿ ಒಪ್ಪಿಕೊಳ್ಳಬೇಕಾಗಿದೆ. ಉಪಾಧ್ಯಾಯಿನಿಯಾಗಿ ಮೊದಲ ವರ್ಷಗಳಲ್ಲಿ ನಾವು ಕಪ್ಪೆಯನ್ನು ಹಲಗೆಯ ಮೇಲೆ ಕೊಯ್ದು ಹೃದಯ ಇದು, ಶ್ವಾಸಕೋಶ ಇದು ಎಂದು ಬೋಧಿಸಿದೆವು. ಅದನ್ನು ಯಾವ ಗದ್ದೆಯಿಂದ ತಂದರು, ಆ ಗದ್ದೆಯಲ್ಲಿ ಇನ್ನೆಷ್ಟು ಉಳಿದಿವೆ ಎಂದು ಒಮ್ಮೆಯೂ ಕೇಳಲಿಲ್ಲ. ನಮ್ಮ ದೇಶದ ಕಪ್ಪೆಗಳ ಕಾಲುಗಳು ಪರದೇಶದ ಊಟದ ಮೇಜಿಗೆ ಹಡಗೇರುತ್ತಿದ್ದುವು. ಆ ರಫ್ತನ್ನು ಸರ್ಕಾರವು ನಿಷೇಧಿಸಿದ್ದು 1987ರಲ್ಲಿ. ಪೈರನ್ನು ಕೆಡಿಸುವ ಹುಳುಗಳನ್ನು ತಿನ್ನುವ ಈ ಮಿತ್ರನ ಚರ್ಮವು ನೀರನ್ನು ಹೀರುವಂತೆಯೇ ಗದ್ದೆಗೆ ಹೊಡೆದ ಔಷಧಿಯನ್ನೂ ಹೀರಿಕೊಳ್ಳುತ್ತದೆಂಬುದನ್ನು ರೈತರಾದ ನಮ್ಮ ಪೋಷಕರು ಮನಸ್ಸಿಗೆ ತಂದುಕೊಳ್ಳಬೇಕೆಂದು ಬೇಡುತ್ತೇವೆ.

ಪ್ರಿಯ ವಿದ್ಯಾರ್ಥಿನಿಯರೇ, ನಿಮ್ಮಲ್ಲಿ ಅನೇಕರು ಈಗ ಗೃಹಿಣಿಯರು, ಕೆಲವರು ಉಪಾಧ್ಯಾಯಿನಿಯರು. ಬರುವ ಮುಂಗಾರಿಗೆ ನಿಮ್ಮ ಮಕ್ಕಳ ಕೈಗೆ ಒಂದು ಸಣ್ಣ ಪುಸ್ತಕವನ್ನು ಕೊಡಿರಿ. ಕಪ್ಪೆ ಕೂಗಿದ ದಿನ, ಊರು, ಕೆರೆಯೋ ನಾಲೆಯೋ ಎಂಬುದನ್ನು ಅದರಲ್ಲಿ ಅವರಿಂದ ಬರೆಯಿಸಿರಿ. ರಾಯರು ಬಿಟ್ಟುಹೋದ ಆಸ್ತಿಯಲ್ಲಿ ಸೀಸೆಗಳು ಕಳೆದುವು, ಬರಹ ಉಳಿಯಿತು. ಇಂದು ನಮ್ಮ ಮಕ್ಕಳು ಬರೆದುದು ಮುಂದೆ ಯಾರಿಗೆ ದಾರಿ ತೋರುವುದೋ ಬಲ್ಲವರಾರು?