ಹಳೆಯ ಸುರುಳಿಗಳ ಸಂಪಾದಕಿ

ಚಲಚ್ಚಿತ್ರವನ್ನು ನೋಡಿ ಬಂದವರು ನಟನಟಿಯರನ್ನು ನೆನೆಯುತ್ತಾರೆ. ಹೆಚ್ಚಿನ ಆಸಕ್ತಿಯುಳ್ಳವರು ನಿರ್ದೇಶಕನನ್ನೂ ನೆನೆದಾರು. ಪರರು ತೆಗೆದು ಮೂಲೆಗೆ ಹಾಕಿದ ಸುರುಳಿಗಳನ್ನು ಹುಡುಕಿ, ತೊಳೆದು, ಜೋಡಿಸಿ, ಅವುಗಳಿಂದಲೇ ಒಂದು ಯುಗದ ಕಥೆಯನ್ನು ಕಟ್ಟಿದವರ ಹೆಸರು ಎಷ್ಟು ಜನರ ನಾಲಗೆಯ ಮೇಲಿದೆ? ರಷ್ಯದ ಎಸ್ಫಿರ್ ಶೂಬ್ ಅಂಥವರಲ್ಲಿ ಅಗ್ರಗಣ್ಯಳು.

ಆಕೆ ಹುಟ್ಟಿದ್ದು 1894ರಲ್ಲಿ, ಸುರಾಝ್ ಎಂಬ ಸಣ್ಣ ಊರಿನಲ್ಲಿ. ಮಾಸ್ಕೋದಲ್ಲಿ ಸಾಹಿತ್ಯವನ್ನು ಓದಿ, ಕ್ರಾಂತಿಯ ಅನಂತರ ಸರ್ಕಾರದ ರಂಗಭೂಮಿ ಶಾಖೆಯಲ್ಲಿ ಕೆಲಸಮಾಡಿ, 1922ರಲ್ಲಿ ಸರ್ಕಾರಿ ಚಿತ್ರಸಂಸ್ಥೆಯಾದ ಗೋಸ್ಕಿನೋವನ್ನು ಸೇರಿದಳು. ಅಲ್ಲಿ ದೊರೆತ ಕೆಲಸ ವಿಚಿತ್ರವಾದದ್ದು. ಪರದೇಶಗಳಿಂದ ಬಂದ ಚಿತ್ರಗಳನ್ನು ಸೋವಿಯತ್ ಪ್ರೇಕ್ಷಕರಿಗೆ ತಕ್ಕಂತೆ ಕತ್ತರಿಸಿ, ಹೊಸ ಬರಹದ ಫಲಕಗಳನ್ನು ಸೇರಿಸಿ, ಬೇರೊಂದು ರೂಪದಲ್ಲಿ ಹೊರಗೆ ಕಳುಹಿಸಬೇಕು. ಇದು ನಿಜವಾಗಿ ಸೆನ್ಸಾರಿನ ಕತ್ತರಿಯೇ, ಹೊಗಳತಕ್ಕ ಕಾರ್ಯವೇನಲ್ಲ. ಆದರೆ ಸುಮಾರು 200 ಚಿತ್ರಗಳು ಹೀಗೆ ಕೈಯಲ್ಲಿ ಹಾದುಹೋದ ಮೇಲೆ, ಒಂದೇ ನಗು ಅದರ ಹಿಂದು ಮುಂದಿನ ದೃಶ್ಯಗಳು ಬದಲಾದೊಡನೆ ಕರುಣೆಯೂ ಆಗಬಲ್ಲದು, ಕುಹಕವೂ ಆಗಬಲ್ಲದು ಎಂಬುದು ಆಕೆಗೆ ಕರತಲಾಮಲಕವಾಯಿತು. 1924ರಲ್ಲಿ ಜರ್ಮನಿಯ ಫ್ರಿಟ್ಸ್ ಲಾಂಗನ ‘ಡಾಕ್ಟರ್ ಮಬೂಸೆ’ಯನ್ನು ಹೀಗೆ ತಿದ್ದುತ್ತಿದ್ದಾಗ ಪಕ್ಕದಲ್ಲಿ ಕುಳಿತು ಕಲಿತ ತರುಣ ಮತ್ತಾರೂ ಅಲ್ಲ, ಸೆರ್ಗೆಯ್ ಐಸೆನ್‌ಸ್ಟೀನ್. ಅವನ ಮೊದಲ ದೊಡ್ಡ ಚಿತ್ರವಿನ್ನೂ ಆಗ ಬೆಳಕು ಕಂಡಿರಲಿಲ್ಲ.

1926ರಲ್ಲಿ ಆಕೆಗೆ ತನ್ನದೇ ಆದ ಒಂದು ಸಂಕಲ್ಪ ಹುಟ್ಟಿತು. ಫೆಬ್ರವರಿ ಕ್ರಾಂತಿಗೆ ಹತ್ತು ವರ್ಷ ತುಂಬುವ ವೇಳೆಗೆ, ಹಳೆಯ ವಾರ್ತಾಚಿತ್ರಗಳಿಂದಲೇ ಝಾರ್ ಆಳ್ವಿಕೆಯ ಪತನವನ್ನು ತೋರಿಸಬೇಕು. ಆ ಬೇಸಗೆಯಲ್ಲಿ ಲೆನಿನ್‌ಗ್ರಾಡಿಗೆ ಹೋಗಿ, ತೇವ ಹಿಡಿದ ನೆಲಮಾಳಿಗೆಗಳನ್ನು ಶೋಧಿಸಿದಳು. ಡಬ್ಬಿಗಳಿಗೆ ತುಕ್ಕು ಹಿಡಿದಿತ್ತು. ಎಷ್ಟೋ ಕಡೆ ಫಿಲ್ಮಿನ ಮೇಲಿನ ಲೇಪವೇ ಕಿತ್ತುಬರುತ್ತಿತ್ತು. ಎರಡು ತಿಂಗಳಲ್ಲಿ ನೋಡಿದ್ದು 60,000 ಮೀಟರು. ಆರಿಸಿ ಮಾಸ್ಕೋಗೆ ತಂದದ್ದು 5,200 ಮೀಟರು. ಝಾರನ ಆಸ್ಥಾನದ ಛಾಯಾಗ್ರಾಹಕರು ರಾಜಕುಟುಂಬದ ವಿನೋದಕ್ಕಾಗಿ ತೆಗೆದಿದ್ದ ಚಿತ್ರಗಳೂ ಅದರಲ್ಲಿ ಸಿಕ್ಕವು. ನಮ್ಮಲ್ಲಿ ಓಲೆಗರಿಯ ಕಟ್ಟುಗಳನ್ನು ಬಿಚ್ಚಿ, ಗೆದ್ದಲು ತಿಂದ ಗರಿಗಳ ನಡುವೆ ಪಾಠವನ್ನು ಹುಡುಕಿದ ವಿದ್ವಾಂಸರ ಶ್ರಮವನ್ನು ಬಲ್ಲವರಿಗೆ ಈ ಕೆಲಸದ ಸ್ವರೂಪವನ್ನು ಹೆಚ್ಚು ವಿವರಿಸಬೇಕಾಗಿಲ್ಲ.

ಆದರೆ ಹೋಲಿಕೆ ಅಲ್ಲಿಗೇ ನಿಲ್ಲುತ್ತದೆ. ಗ್ರಂಥಸಂಪಾದಕನು ಕವಿಯ ಮೂಲ ಆಶಯಕ್ಕೆ ಬದ್ಧನು. ಶೂಬ್ ಆ ಆಶಯವನ್ನೇ ತಲೆಕೆಳಗು ಮಾಡಿದಳು. 1927ರಲ್ಲಿ ತೆರೆಕಂಡ ‘ರೊಮಾನೊವ್ ವಂಶದ ಪತನ’ದಲ್ಲಿ ಹಡಗಿನ ಅಟ್ಟದ ಮೇಲೆ ಕುಲೀನ ಸ್ತ್ರೀಪುರುಷರು ಕುಣಿಯುವ ಒಂದು ದೃಶ್ಯವಿದೆ. ಕುಣಿದು ದಣಿದವರು ಬೆವರನ್ನು ಒರೆಸಿಕೊಳ್ಳುತ್ತಾರೆ. ಮರುಕ್ಷಣದಲ್ಲಿಯೇ ಮಣ್ಣನ್ನು ಅಗೆದು ಬೆವರು ಸುರಿಸುವ ಬಡಕೂಲಿಗಳು ಕಾಣುತ್ತಾರೆ. ಎರಡೂ ದಿಟವಾದ ಚಿತ್ರಗಳೇ. ಅವುಗಳನ್ನು ಅಕ್ಕಪಕ್ಕದಲ್ಲಿ ಇಟ್ಟ ಕೈ ಮಾತ್ರ ಆಕೆಯದು. ರಾಜವೈಭವವನ್ನು ಮೆರೆಸಲೆಂದು ತೆಗೆದ ಚಿತ್ರವೇ ರಾಜನ ವಿರುದ್ಧ ಸಾಕ್ಷಿ ನುಡಿಯಿತು. ಇದು ಪ್ರಚಾರವಲ್ಲವೆ ಎಂದು ಕೇಳಬಹುದು. ಪ್ರಚಾರವೇ, ಸಂದೇಹವಿಲ್ಲ. ಆದರೂ ತನ್ನ ಸಮಕಾಲೀನನಾದ ಜೀಗಾ ವೆರ್ಟೊವನಂತೆ ದೃಶ್ಯಗಳನ್ನು ಚೂರುಚೂರು ಮಾಡಿ ಕಣ್ಣು ಕೋರೈಸಲು ಆಕೆ ಹೋಗಲಿಲ್ಲ. ಪ್ರೇಕ್ಷಕನು ಮುಖಗಳನ್ನೂ ಉಡುಪುಗಳನ್ನೂ ಸಾವಕಾಶವಾಗಿ ನೋಡುವಷ್ಟು ಕಾಲ ದೃಶ್ಯವನ್ನು ನಿಲ್ಲಿಸಿದಳು. ಆಕೆಯ ರಾಜಕೀಯವನ್ನು ಒಪ್ಪದವನೂ ಆ ಮುಖಗಳನ್ನು ತನಗೆ ತೋಚಿದಂತೆ ಓದಿಕೊಳ್ಳಲು ಇದರಿಂದ ಎಡೆಯಾಯಿತು. ಆಕೆಯ ಹಿರಿಮೆ ಇರುವುದು ಇಲ್ಲಿಯೇ ಎಂದು ನನ್ನ ಎಣಿಕೆ.

ಇಷ್ಟಾದರೂ ಚಿತ್ರಸಂಸ್ಥೆ ಆಕೆಯನ್ನು ಕರ್ತೃವೆಂದು ಒಪ್ಪಲು ಸಿದ್ಧವಿರಲಿಲ್ಲ. ಅಧಿಕಾರಿಗಳ ದೃಷ್ಟಿಯಲ್ಲಿ ಆಕೆ ಮಾಡಿದ್ದು ಅಂಟಿಸುವ ಕೆಲಸ. ಈ ಅನ್ಯಾಯವನ್ನು 1927ರಲ್ಲಿಯೇ ಬಹಿರಂಗವಾಗಿ ಖಂಡಿಸಿದವನು ಕವಿ ಮಯಕೋವ್‌ಸ್ಕಿ. ಪದಗಳನ್ನು ನಿಘಂಟಿನಿಂದಲೇ ಪಡೆಯುವ ಕವಿಗೆ, ಜೋಡಣೆಯಲ್ಲಿಯೇ ಸೃಷ್ಟಿಯುಂಟೆಂಬುದು ಹೊಳೆದದ್ದು ಸಹಜವೇ!

ಅದೇ ವರ್ಷ ‘ಮಹಾಪಥ’ವನ್ನೂ, 1928ರಲ್ಲಿ ಎರಡನೆಯ ನಿಕೋಲಸ್ ಮತ್ತು ಟಾಲ್‌ಸ್ಟಾಯರ ಕಾಲದ ರಷ್ಯವನ್ನು ಕುರಿತ ಚಿತ್ರವನ್ನೂ ಆಕೆ ಮುಗಿಸಿದಳು. ಟಾಲ್‌ಸ್ಟಾಯರನ್ನು ಕುರಿತ ಮೂಲಚಿತ್ರಗಳು ಉಳಿದಿದ್ದುದೇ ಸ್ವಲ್ಪ. ಸುತ್ತಲಿನ ನಾಡನ್ನು ತೋರಿಸಿಯೇ ಆ ಋಷಿಸದೃಶ ವ್ಯಕ್ತಿಯನ್ನು ತೋರಿಸಬೇಕಾಯಿತು. 1932ರ ಚಿತ್ರದಲ್ಲಿ ಧ್ವನಿಯನ್ನು ಪ್ರಯೋಗಿಸಿದಳು. ಸ್ಪೇನಿನ ಅಂತರ್ಯುದ್ಧದಲ್ಲಿ ರೊಮಾನ್ ಕಾರ್ಮೆನ್ ಮೊದಲಾದವರು ತೆಗೆದ ಚಿತ್ರಗಳಿಂದ 1939ರಲ್ಲಿ ‘ಸ್ಪೇನ್’ ಸಿದ್ಧವಾಯಿತು. ಸ್ತ್ರೀಯರ ಬಾಳನ್ನು ಕುರಿತು ಬರೆದಿದ್ದ ಚಿತ್ರಕಥೆ ಮಾತ್ರ ತೆರೆಗೆ ಬರಲೇ ಇಲ್ಲ. ಮಾಸ್ಕೋದ ಚಿತ್ರವಿದ್ಯಾಲಯದಲ್ಲಿ ಐಸೆನ್‌ಸ್ಟೀನನ ತರಗತಿಯಲ್ಲಿ ಸಂಕಲನವನ್ನು ಬೋಧಿಸಿದ್ದುಂಟು. ಹಿಂದೆ ತನ್ನ ಮೇಜಿನ ಬಳಿ ಕುಳಿತು ಕಲಿತವನ ಶಿಷ್ಯರಿಗೂ ಆಕೆಯೇ ಗುರುವಾದಳು. ಯುದ್ಧಕಾಲದಿಂದ ಮುಂದೆ ವಾರ್ತಾಚಿತ್ರಗಳ ಸಂಪಾದನೆಯಲ್ಲಿಯೇ ಬಹುಪಾಲು ಆಯುಷ್ಯ ಕಳೆಯಿತು.

1959ರಲ್ಲಿ ಆಕೆಯ ಆತ್ಮಕಥನ ಅಚ್ಚಾಯಿತು. ಅದೇ ವರ್ಷದ ಸೆಪ್ಟೆಂಬರ್ 21ರಂದು ಮಾಸ್ಕೋದಲ್ಲಿ ಆಕೆ ಕಾಲವಾದಳು.